ಬೆಂಕಿ ನಮ್ದು, ಕಾಳು ನಮ್ದು... ಡಬ್ಬಿ ಯಾಕ್ರೀ?

ಬಹಳ ದಿನ ಆಯ್ತು ಇಲ್ಲಿ ಏನೂ ಬರೆಯದೆ. ಪ್ರಾಜೆಕ್ಟು, ರಿಲೀಸು ಅಂತೆಲ್ಲಾ ನೆಪ ಹೇಳಬಹುದು. ಖರೆ ಹೇಳಬೇಕಂದ್ರೆ ಸೋಮಾರಿತನ. ಇವತ್ತು ಕೂತಿರೋದು ಸಿಟ್ಟಿನಿಂದ. ಯಾರ ಮೇಲಿನ ಸಿಟ್ಟು ಅಂತ ಓದ್ತಾ ಓದ್ತಾ ಗೊತ್ತಾಗುತ್ತೆ, ಅದರಲ್ಲಿ ಅರ್ಧ ನನ್ನ ಮೇಲೇ ಇದೆ.

೨೦೨೪ರ ಡಿಸೆಂಬರಿನಲ್ಲಿ ನಮ್ಮ ಟೀಮಿನವರು ಬೆಂಗಳೂರಿನ ಹೊರಗೆ ಒಂದು ತೋಟದಮನೆ ಬಾಡಿಗೆಗೆ ಹಿಡಿದು ಬಾರ್ಬೆಕ್ಯೂ ಮಾಡೋಣ ಅಂತ ಹೊರಟರು. ಯಾರು ಏನು ತರಬೇಕು ಅಂತ ಒಂದು ಎಕ್ಸೆಲ್ ಶೀಟು. (ನಾವು ಸಾಯೋವಾಗಲೂ ಒಂದು ಎಕ್ಸೆಲ್ ಶೀಟು ಮಾಡಿಯೇ ಸಾಯೋದು.) ಇದ್ದಿಲು ಒಬ್ಬ, ಕೋಳಿ ಒಬ್ಬ, ಪನೀರು ಒಬ್ಬಳು. ನನ್ನ ಹೆಸರಿನ ಮುಂದೆ 'ಬೇಕ್ಡ್ ಬೀನ್ಸ್, ಸೈಡ್ ಡಿಶ್, ಸಿಂಪಲ್' ಅಂತ ಇತ್ತು. ಅಮೆರಿಕದಲ್ಲಿ ಎರಡು ವರ್ಷ ಇದ್ದು ಬಂದ ನಮ್ಮ ಲೀಡು, ಬಾರ್ಬೆಕ್ಯೂ ಅಂದಮೇಲೆ ಬೀನ್ಸ್ ಇರಲೇಬೇಕು, ಅಲ್ಲಿ ಎಲ್ಲಾ ಕಡೆ ಹಾಗೇ ಅಂದರು. ಆಯ್ತು ಅಂದೆ. ದೊಡ್ಡ ಅಂಗಡಿಗೆ ಹೋಗಿ ಎಂಟು ಡಬ್ಬಿ ತಂದೆ. ಒಂದೊಂದಕ್ಕೆ ಇನ್ನೂರು ರೂಪಾಯಿ ಹತ್ತಿರ.

ಅಲ್ಲಿ ಡಬ್ಬಿ ಒಡೆದು ಪಾತ್ರೆಗೆ ಸುರಿಯುತ್ತಾ ಇದ್ದಾಗ ಒಬ್ಬ ಕೇಳಿದ, "ನಿಮ್ಮ ಕಡೆ ಬೀನ್ಸೆಲ್ಲಾ ಸಿಗುತ್ತಾ?" ಇನ್ನೊಬ್ಬ ಸೇರಿಸಿದ, "ಬೀದರ್ ಅಂದ್ರೆ ಮಹಾರಾಷ್ಟ್ರ ಅಲ್ವಾ?" ಎಲ್ಲರೂ ನಕ್ಕರು. ಕೆಟ್ಟ ಮನಸ್ಸಿನಿಂದ ಕೇಳಿದ್ದಲ್ಲ ಬಿಡಿ. ನನಗೆ ಬೇಜಾರಾಗಿದ್ದು ಬೇರೆ ಕಾರಣಕ್ಕೆ. ನಾನೂ ನಕ್ಕೆ. ಕಾಳು ಬೆಳೆಯೋ ಜಿಲ್ಲೆಯವನು, ಎಳ್ಳ ಅಮಾಸಿಗೆ ಹೊಲದಲ್ಲಿ ಐದಾರು ನಮೂನೆ ಕಾಳು ಒಂದೇ ಗಡಿಗೆಯಲ್ಲಿ ಕುದಿಸಿ ತಿನ್ನೋ ಮನೆಯವನು, ಡಬ್ಬಿ ಒಡೆಯೋ ಸಾಧನ ಕೈಯಲ್ಲಿ ಹಿಡಿದುಕೊಂಡು ಹಲ್ಲು ಕಿರಿದೆ.

ಆಮೇಲೆ ಆಗಿದ್ದು ಇನ್ನೂ ಕೆಟ್ಟದ್ದು. ಎರಡು ಡಬ್ಬಿ ಉಳಿದಿತ್ತು. ಅವನ್ನು ಬ್ಯಾಗಿನಲ್ಲಿ ಹಾಕ್ಕೊಂಡು ಎಳ್ಳ ಅಮಾಸಿಗೆ ಊರಿಗೆ ಹೋದೆ! ಆ ಸಲ ಡಿಸೆಂಬರ್ ೩೦, ಸೋಮವಾರ ಬಂದಿತ್ತು. (೨೦೨೪ರಲ್ಲಿ ಎಳ್ಳ ಅಮಾಸಿ ಎರಡು ಸಲ ಬಂತು, ಜನವರಿ ೧೧ಕ್ಕೊಂದು, ಡಿಸೆಂಬರ್ ೩೦ಕ್ಕೊಂದು. ಚಾಂದ್ರಮಾನದ ಲೆಕ್ಕ ಜನವರಿ ಒಂದಕ್ಕೆ ಕಾಯೋದಿಲ್ಲ.) ನಮ್ಮ ಹೊಲ ಬಸವಕಲ್ಯಾಣಕ್ಕೂ ಹುಮನಾಬಾದಿಗೂ ನಡುವೆ, ಹೈದರಾಬಾದ್-ಸೋಲಾಪುರ ಹೆದ್ದಾರಿಯಿಂದ ಸ್ವಲ್ಪ ಒಳಗೆ. ಹೊಲಕ್ಕೆ ಎಲ್ಲರೂ ಬಂದಿದ್ದರು, ಕಾಕಾ, ಕಾಕು, ಅತ್ತೆಯಂದಿರು, ಅವರ ಮಕ್ಕಳು. ನಾನು ದೊಡ್ಡ ಮನುಷ್ಯನ ಹಾಗೆ ಡಬ್ಬಿ ತೆಗೆದು ತಮ್ಮಂದಿರಿಗೆ ತೋರಿಸಿದೆ. ನಮ್ಮ ಆಯಿ ಒಂದು ಚಮಚ ಬಾಯಿಗೆ ಹಾಕ್ಕೊಂಡು ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ, "ಯಾರಿಗರೆ ಜ್ವರ ಬಂದಾವೇನೋ? ಪಾಪ, ಉಪ್ಪು ಖಾರ ಬ್ಯಾಡಂತ ಹೇಳ್ಯಾರೇನು ಡಾಕ್ಟರು?" ಅಂದಳು.

ಆಯಿ ನಗಿಸಲಿಕ್ಕೆ ಹೇಳಿದ್ದಲ್ಲ. ನಿಜವಾಗಿ ಕೇಳಿದ್ದು.

ಹಾಗಂತ ಬೇಕ್ಡ್ ಬೀನ್ಸ್ ಕೆಟ್ಟ ಅಡುಗೆ ಅಂತ ನಾನು ಹೇಳ್ತಾ ಇಲ್ಲ. ಅದಕ್ಕೂ ಒಂದು ಊರಿದೆ, ಒಂದು ಕಥೆ ಇದೆ. ಅಮೆರಿಕದ ಬಾಸ್ಟನ್ ಕಡೆಯ ಜನ ಬಿಳಿ ಸಣ್ಣ ಕಾಳನ್ನು ರಾತ್ರಿ ನೆನೆಸಿ, ಹಂದಿಮಾಂಸದ ತುಂಡು, ಕಾಕಂಬಿ ಹಾಕಿ, ಮಣ್ಣಿನ ಗಡಿಗೆಯಲ್ಲಿ ಗಂಟೆಗಟ್ಟಲೆ ಸಣ್ಣ ಉರಿಯಲ್ಲಿ ಇಡ್ತಿದ್ದರು. ಭಾನುವಾರ ಒಲೆ ಹಚ್ಚಬಾರದು ಅನ್ನೋ ಕಟ್ಟುನಿಟ್ಟಿನ ಜನ, ಶನಿವಾರವೇ ಇಟ್ಟ ಗಡಿಗೆ ಮರುದಿನಕ್ಕೂ ಆಗ್ತಿತ್ತು. ಆ ಕಾಕಂಬಿಯ ಹಿಂದೆ ಕೆರಿಬಿಯನ್ ದ್ವೀಪಗಳ ಕಬ್ಬಿನ ತೋಟ ಇದೆ, ಆ ತೋಟದಲ್ಲಿ ದುಡಿದ ಗುಲಾಮರಿದ್ದಾರೆ. ಬಾರ್ಬೆಕ್ಯೂ ಅನ್ನೋ ಪದವೂ ಅದೇ ದ್ವೀಪಗಳ ಮೂಲನಿವಾಸಿಗಳಿಂದ ಸ್ಪ್ಯಾನಿಷರ ಬಾಯಿಗೆ, ಅಲ್ಲಿಂದ ಇಂಗ್ಲಿಷಿಗೆ ಬಂದದ್ದು. ಗಡಿಗೆಯಲ್ಲಿ ಹಾಗೆ ಮಾಡಿದ್ದನ್ನು ಯಾರಾದರೂ ಕೊಟ್ಟರೆ ನಾನು (ಹಂದಿ ಬಿಟ್ಟು) ಖುಷಿಯಿಂದ ತಿಂತೀನಿ.

ಡಬ್ಬಿಯದ್ದು ಆ ಅಡುಗೆ ಅಲ್ಲ. ಹೆಸರಿಗೆ ಬೇಕ್ಡ್, ಆದರೆ ಸಾಮಾನ್ಯವಾಗಿ ಕಾಳು, ಟೊಮೆಟೊ ರಸ ತುಂಬಿ ಮುಚ್ಚಳ ಬಿಗಿದು ಡಬ್ಬಿ ಸಮೇತ ಉಗಿಯಲ್ಲಿ ಬೇಯಿಸಿರ್ತಾರೆ. ಬೆಂಕಿಯ ಮುಖ ನೋಡದ ಕಾಳು ಅದು. ನಾನು ತಂದ ಡಬ್ಬಿ ಮೇಲೆ ತೂಕ ೪೧೫ ಗ್ರಾಂ, ಅದರಲ್ಲಿ ಕಾಳಿನ ಪಾಲು ಅರ್ಧದ ಆಸುಪಾಸು ಅಂತ ಬರೆದಿತ್ತು. ಅಂದ್ರೆ ಬೆಂದ ಕಾಳು ೨೧೦ ಗ್ರಾಂ. ಒಣ ಕಾಳು ಬೆಂದಮೇಲೆ ಎರಡು ಎರಡೂವರೆ ಪಟ್ಟು ತೂಗುತ್ತೆ, ಹಾಗಾಗಿ ಒಣಗಿದ್ದರ ಲೆಕ್ಕದಲ್ಲಿ ನೂರು ಗ್ರಾಂ. ನೂರು ಗ್ರಾಂ ಕಾಳಿಗೆ ಇನ್ನೂರು ರೂಪಾಯಿ! ಕಿಲೋಗೆ ಎರಡು ಸಾವಿರ. ಇದನ್ನು ಹೇಳಿದಾಗ ನಮ್ಮ ಕಾಕಾ ನಗಲಿಲ್ಲ. ತೊಗರಿ ಮಾರಲಿಕ್ಕೆ ಹೋದಾಗ ತನಗೆ ಎಷ್ಟು ಸಿಕ್ಕಿತ್ತು ಅಂತ ಮನಸ್ಸಿನಲ್ಲೇ ಲೆಕ್ಕ ಹಾಕಿರಬೇಕು. ಎದ್ದು ಎತ್ತಿಗೆ ನೀರು ಕುಡಿಸಲಿಕ್ಕೆ ಹೋದ.

ಈಗ ನಿಮ್ಮ ಸರದಿ, ಬ್ಲಾಗಿಗರೇ.

ನೀವು 'ಕರ್ನಾಟಕದ ಅಡುಗೆ' ಅಂತ ಬರೀತೀರಲ್ಲ, ಅದರಲ್ಲಿ ಬಿಸಿಬೇಳೆಭಾತ್ ಇರುತ್ತೆ, ಉಡುಪಿಯ ಸಾರು ಇರುತ್ತೆ, ಕೊಡಗಿನ ಕಡಬು ಇರುತ್ತೆ. ಉತ್ತರ ಕರ್ನಾಟಕ ಅಂದಕೂಡಲೇ ಒಂದು ಜೋಳದ ರೊಟ್ಟಿ, ಒಂದು ಎಣಗಾಯಿ, ಧಾರವಾಡ ಪೇಡೆ, ಮುಗೀತು. ನಿಮ್ಮ ನಕ್ಷೆ ಕಲಬುರಗಿ ದಾಟೋದೇ ಇಲ್ಲ. ಭಜ್ಜಿ ಅಂದ್ರೆ ನಿಮಗೆ ಸಂಜೆ ಮಳೆ ಬರುವಾಗ ಎಣ್ಣೆಯಲ್ಲಿ ಕರಿಯೋ ಮೆಣಸಿನಕಾಯಿ ನೆನಪಾಗುತ್ತೆ. ಅದು ಬಜ್ಜಿ ಸ್ವಾಮಿ. ನಮ್ಮದು ಭಜ್ಜಿ. ಎಳ್ಳ ಅಮಾಸಿಯ ಭಜ್ಜಿ.

ಅದೇನು ಅಂತ ಹೇಳ್ತೀನಿ. ಡಿಸೆಂಬರ್ ಜನವರಿಯಲ್ಲಿ ನಮ್ಮ ಹೊಲದಲ್ಲಿ ಏನೇನು ಹಸಿರಾಗಿ ಸಿಗುತ್ತೋ ಅದೆಲ್ಲಾ. ಹಸಿ ತೊಗರಿಕಾಳು, ಅವರೆ, ಬಟಾಣಿ, ಹಸಿ ಕಡಲೆ (ಸುಲಗಾಯಿ), ಹಸಿ ಶೇಂಗಾ. ಮೆಂತ್ಯೆ, ಪಾಲಕ್, ಹುಳಿಗೆ ಚುಕ್ಕಾ ಸೊಪ್ಪು. ಬದನೆಕಾಯಿ, ಗಜ್ಜರಿ, ಉಳ್ಳಾಗಡ್ಡಿ ತಪ್ಪಲು. ಕೆಲವರು ಬೋರೆಹಣ್ಣು, ಪೇರಲಕಾಯಿ ಕೂಡ ಹಾಕ್ತಾರೆ. ಕಾಳು ಮೊದಲು ಕುದಿಸಿ, ಆಮೇಲೆ ತರಕಾರಿ, ಆಮೇಲೆ ಸೊಪ್ಪು, ಹಸಿಮೆಣಸಿನಕಾಯಿ ಬೆಳ್ಳುಳ್ಳಿ ಜಜ್ಜಿದ್ದು. ಕೊನೆಗೆ ಕಡಲೆಹಿಟ್ಟನ್ನು ಮಜ್ಜಿಗೆಯಲ್ಲಿ ಕದಡಿ ಸುರಿದು ದಪ್ಪ ಆಗೋವರೆಗೆ ತಿರುವುತ್ತಾ ಇರಬೇಕು. ಪಕ್ಕದಲ್ಲಿ ಎಳ್ಳು ಹಚ್ಚಿದ ಸಜ್ಜೆ ರೊಟ್ಟಿ, ಜೋಳದ ಹಿಟ್ಟಿನ ಅಂಬಲಿ, ಶೇಂಗಾ ಹಿಂಡಿ. ಜೋಳದ ದಂಟಿನಿಂದ ಸಣ್ಣ ಕೊಂಪಿ ಕಟ್ಟಿ, ಒಳಗೆ ಐದು ಕಲ್ಲಿಗೆ ಸುಣ್ಣ ಹಚ್ಚಿ ಪಾಂಡವರು ಅಂತ ಪೂಜೆ ಮಾಡಿ, ಹೊಲದ ತುಂಬಾ ಚರಗ ಚೆಲ್ಲಿ, ಆಮೇಲೆ ದಾರಿಯಲ್ಲಿ ಹೋಗೋರನ್ನೂ ಕರೆದು ಉಣ್ಣಿಸ್ತಾರೆ. ಆ ದಿನ ಬೀದರಿನ ಪೇಟೆಗಳು ಖಾಲಿ, ಊರೆಲ್ಲಾ ಹೊಲದಲ್ಲಿ.

ಬೆಂಕಿ ಎಲ್ಲಿ ಅಂತೀರಾ? ಅದೂ ಇದೆ. ಕುಳ್ಳಿನ ಬೆಂಕಿ ಹಾಕಿ, ಕೆಂಡ ಬೂದಿ ಆಗೋ ಹೊತ್ತಿಗೆ ಎಳೆ ಜೋಳದ ತೆನೆ ಅದರಲ್ಲಿ ಹೂತು, ಸುಟ್ಟಮೇಲೆ ಬಿಸಿಬಿಸಿಯಾಗೇ ಅಂಗೈಯಲ್ಲಿ ತಿಕ್ಕಿ ಕಾಳು ಉದುರಿಸಿ ತಿನ್ನೋದು. ಸೀತನಿ. ಗಡಿ ಆಚೆ ಹುರಡಾ ಅಂತಾರೆ, ನಮ್ಮಲ್ಲೂ ಎಷ್ಟೋ ಜನ ಹಾಗೇ ಅಂತಾರೆ. ಕಡಲೆ ಗಿಡವನ್ನು ಕಾಯಿ ಸಮೇತ ಉರಿಯಲ್ಲಿ ಹಿಡಿದು ಸುಡೋದು ಇನ್ನೊಂದು, ತಿಂದಮೇಲೆ ಎಲ್ಲರ ಮೂತಿಯೂ ಕರಿ ಮಂಗನ ಹಾಗೆ. ಇದು ಬಾರ್ಬೆಕ್ಯೂ ಅಲ್ಲದೆ ಮತ್ತೇನ್ರೀ? ಜಾಲರಿ ಒಂದಿಲ್ಲ, ಅಷ್ಟೇ.

'ನಮ್ಮಲ್ಲಿ ಎಲ್ಲಾ ಆಗಲೇ ಇತ್ತು' ಅನ್ನೋ ಗುಂಪಿಗೆ ನನ್ನನ್ನು ಸೇರಿಸಬೇಡಿ. ಆ ಗುಂಪಿನವರಿಗೆ ಬೇಕಾದ ಸಾಮಾನು ನಮ್ಮ ಊರಲ್ಲೇ ಬೇಕಾದಷ್ಟಿದೆ. ಕಲ್ಯಾಣದಿಂದ ಆಳಿದ ಚಾಲುಕ್ಯರ ಮೂರನೇ ಸೋಮೇಶ್ವರ ೧೧೨೯ರ ಆಸುಪಾಸಿನಲ್ಲಿ 'ಮಾನಸೋಲ್ಲಾಸ' ಅಂತ ಸಂಸ್ಕೃತದಲ್ಲಿ ಒಂದು ದೊಡ್ಡ ಗ್ರಂಥ ಮಾಡಿದ. ಅದರಲ್ಲಿ ಅನ್ನಭೋಗ ಅಂತ ಅಡುಗೆಗೇ ಒಂದು ಭಾಗ. ಕೆಂಡದ ಮೇಲೆ ಮಾಂಸ ಸುಡೋದು ಹೇಗೆ ಅಂತ ಇದೆ, ಹೊಲದ ಇಲಿಯನ್ನೂ ಬಿಟ್ಟಿಲ್ಲ ಮಹಾರಾಜರು! ಬೇಳೆಕಾಳಿನ ಅಡುಗೆಗಳಿವೆ, ವಿದಲಪಾಕ ಅಂತ ಒಂದರ ಹೆಸರು. ಕೆಂಡ, ಕಾಳು ಎರಡೂ ಬಸವಕಲ್ಯಾಣದಲ್ಲಿ ಒಂಬೈನೂರು ವರ್ಷದ ಹಿಂದೆಯೇ ಇತ್ತು, ನೋಡಿ ಬಾಸ್ಟನ್ನಿನವರೇ, ಅಂತ ಎದೆ ತಟ್ಟಿಕೊಳ್ಳಬಹುದು. ನಾನು ತಟ್ಟಿಕೊಳ್ಳಲ್ಲ. ಯಾಕಂದ್ರೆ ಅದು ಅರಮನೆ ಊಟ. ರಾಜನ ತಟ್ಟೆಯಲ್ಲಿ ಏನಿತ್ತು ಅಂತ ಗ್ರಂಥ ಇದೆ, ಆ ಕಾಳು ಬೆಳೆದವರ ಗಡಿಗೆಯಲ್ಲಿ ಏನಿತ್ತು ಅಂತ ಗ್ರಂಥ ಇಲ್ಲ. ಕೆಲವೇ ದಶಕಗಳ ಮೇಲೆ ಅದೇ ಊರಿನಲ್ಲಿ ಬಸವಣ್ಣ ಮತ್ತವರ ಸಂಗಡಿಗರು ದಾಸೋಹದ ಮಾತು ಆಡಿದರು. ನಮ್ಮ ಭಜ್ಜಿ ಅನ್ನಭೋಗದ ಕಡೆಯದ್ದಲ್ಲ, ದಾಸೋಹದ ಕಡೆಯದ್ದು. ದಾರಿಹೋಕನನ್ನೂ ಕರೆದು ಉಣ್ಣಿಸೋದು ರಾಜರ ಪದ್ಧತಿ ಅಲ್ಲ.

ಇನ್ನೊಂದು. ಈ ಗ್ರಂಥಗಳಲ್ಲಿ ಬರೋ 'ರಾಜಮಾಷ'ವನ್ನು ರಾಜ್ಮಾ ಅಂತ ತಿಳಿದುಕೊಂಡು ಸಂಭ್ರಮಿಸೋರಿದ್ದಾರೆ. ರಾಜಮಾಷ ಅಂದ್ರೆ ಅಲಸಂದೆ. ರಾಜ್ಮಾ, ಆ ಡಬ್ಬಿಯ ಬಿಳಿ ಕಾಳು, ನಾವು ಪಲ್ಯ ಮಾಡೋ ಹುರುಳಿಕಾಯಿ ಮೂರೂ ಒಂದೇ ಜಾತಿ, ಮೂರೂ ಅಮೆರಿಕ ಖಂಡದಿಂದ ಕೊಲಂಬಸ್ ನಂತರ ಬಂದವು. ಹಾಗೆ ನೋಡಿದ್ರೆ ನಮ್ಮ ಭಜ್ಜಿಯ ಶೇಂಗಾ, ಮೆಣಸಿನಕಾಯಿ ಕೂಡ ಅಲ್ಲಿಂದಲೇ ಬಂದವು. ಹಾಗಾಗಿ ಸ್ವದೇಶಿ ವಿದೇಶಿ ಜಗಳ ನನಗೆ ಬೇಡ. ಹೊರಗಿನದ್ದು ಬಂದು ನಮ್ಮ ಹೊಲದಲ್ಲಿ ಬೇರು ಬಿಟ್ಟರೆ ಅದು ನಮ್ಮದೇ. ಡಬ್ಬಿ ಬೇರು ಬಿಡೋದಿಲ್ಲ.

ಜಗಳ ಇರೋದು ಹೊಲದಲ್ಲಿ. ಹತ್ತು ಹದಿನೈದು ವರ್ಷದ ಹಿಂದೆ, ನಾನು ಹೈಸ್ಕೂಲಿನಲ್ಲಿದ್ದಾಗ, ನಮ್ಮ ಹೊಲದಲ್ಲಿ ಮುಂಗಾರಿಗೆ ಹೆಸರು, ಉದ್ದು, ನಡುವೆ ತೊಗರಿಯ ಸಾಲು. ಹಿಂಗಾರಿಗೆ ಜೋಳ, ಕಡಲೆ. ಬದುವಿನಲ್ಲಿ ಅವರೆ ಬಳ್ಳಿ. ಈಗ ಜೂನಿನಲ್ಲಿ ಸೋಯಾ. ಬರೀ ಸೋಯಾ. ನೂರು ದಿನಕ್ಕೆ ಕೈಗೆ ಬರುತ್ತೆ, ಮಶೀನು ಬಂದು ಕೊಯ್ದು ರಾಶಿ ಮಾಡುತ್ತೆ, ನೇರ ಪೇಟೆಗೆ, ಅಲ್ಲಿಂದ ಎಣ್ಣೆ ಮಿಲ್ಲಿಗೆ. ಬೀದರ ಜಿಲ್ಲೆಯ ಮುಂಗಾರು ಅಂದ್ರೆ ಈಗ ಮುಖ್ಯವಾಗಿ ಅದೇ. ನಮ್ಮ ಮನೆಯಲ್ಲಿ ಒಬ್ಬರೂ ಅದನ್ನು ತಿನ್ನೋದಿಲ್ಲ. ಹೊಲದ ತುಂಬಾ ಕಾಳು, ಒಂದು ಕಾಳೂ ಒಲೆಗೆ ಬರಲ್ಲ! ೨೦೧೬ರಲ್ಲಿ ವಿಶ್ವಸಂಸ್ಥೆ ಬೇಳೆಕಾಳುಗಳ ವರ್ಷ ಆಚರಿಸಿತು, ೨೦೨೩ರಲ್ಲಿ ಸಿರಿಧಾನ್ಯಗಳ ವರ್ಷ. ಪೋಸ್ಟರುಗಳು ಚೆನ್ನಾಗಿದ್ದವು. ಅದೇ ಹೊತ್ತಿಗೆ ನಮ್ಮ ಕಾಕಾ ಜೋಳ ಬಿತ್ತೋದು ಬಿಟ್ಟ.

ನಾನು ಕಾಕಾನ ಜೊತೆ ವಾದ ಮಾಡಿದೆ. ಅವನು ಹೇಳಿದ್ದನ್ನು ಹಾಗೇ ಬರೀತೀನಿ: "ಜ್ವಾಳ ಎಳೀ ಇದ್ದಾಗ ರಾತ್ರಿ ಹಂದಿ ಬರ್ತಾವ, ಹಗಲಿಗಿ ಹಕ್ಕಿ. ಕಾಯ್ಲಿಕ್ಕಿ ನೀ ಬರ್ತಿ ಏನು ಬೆಂಗಳೂರು ಬಿಟ್ಟು? ಕೊಯ್ಲಿಕ್ಕಿ ಆಳು ಸಿಗಲ್ಲ. ಒಂದಿನ ಬಂದು ಸೀತನಿ ತಿಂದು ಫೋಟೋ ತಕ್ಕೊಂಡು ಹೋಗೋನಿಗಿ ನಾ ಎಕರೆ ಜ್ವಾಳ ಬಿತ್ಲೇನು?"

ಇದಕ್ಕೆ ನನ್ನ ಹತ್ತಿರ ಉತ್ತರ ಇರಲಿಲ್ಲ. ಪೂರ್ತಿ ಉತ್ತರ ಈಗಲೂ ಇಲ್ಲ. ಆದರೆ ಒಂದು ನೋಡಿದೀನಿ. ಗಡಿ ಆಚೆ ಮಹಾರಾಷ್ಟ್ರದಲ್ಲಿ ಚಳಿಗಾಲ ಬಂತಂದ್ರೆ ಹುರಡಾ ಪಾರ್ಟಿ ಅಂತ ನಡೆಸ್ತಾರೆ. ಪುಣೆಯ ಕಡೆಯಿಂದ ಜನ ಕಾರು ಮಾಡ್ಕೊಂಡು ಬಂದು, ತಲೆಗೆ ಇಷ್ಟು ಅಂತ ದುಡ್ಡು ಕೊಟ್ಟು, ಹೊಲದಲ್ಲಿ ಕೂತು ತಿಂದು ಹೋಗ್ತಾರೆ. ಅಲ್ಲಿ ಜೋಳ ಕಾಯೋನಿಗೆ ಅದರಿಂದ ನಾಲ್ಕು ಕಾಸು ಸಿಗುತ್ತೆ. ನಮ್ಮಲ್ಲಿ ಬಸವಕಲ್ಯಾಣಕ್ಕೆ ೧೦೮ ಅಡಿ ಬಸವಣ್ಣನ ಮೂರ್ತಿ ನೋಡಲಿಕ್ಕೆ ಬಸ್ಸುಗಟ್ಟಲೆ ಜನ ಬರ್ತಾರೆ, ಹುಮನಾಬಾದಿಗೆ ವೀರಭದ್ರೇಶ್ವರ ಜಾತ್ರೆಗೆ, ಮಾಣಿಕನಗರಕ್ಕೆ ಬರ್ತಾರೆ. ೨೦೧೭ರಿಂದ ಬೀದರ-ಹುಮನಾಬಾದ-ಕಲಬುರಗಿ ರೈಲು ಕೂಡ ಇದೆ. ಬಂದೋರಿಗೆ ಹೆದ್ದಾರಿ ಧಾಬಾದಲ್ಲಿ ಏನು ಸಿಗುತ್ತೆ? ಪನೀರ್ ಬಟರ್ ಮಸಾಲಾ, ತಂದೂರಿ ರೋಟಿ. ಭಜ್ಜಿ ಕೇಳಿ ನೋಡಿ, ಈರುಳ್ಳಿದಾ ಆಲೂದಾ ಅಂತಾನೆ. ಕೇಳೋರಿಲ್ಲ ಅಂತ ಮಾಡೋರಿಲ್ಲ. ಕೇಳೋರು ಯಾಕಿಲ್ಲ ಅಂದ್ರೆ ಅಂಥದ್ದೊಂದು ಇದೆ ಅಂತ ಗೊತ್ತೇ ಇಲ್ಲ. ಗೊತ್ತು ಮಾಡಬೇಕಾದ ನಾವು ನೀವು ಬರೀತಿರೋದು ಪಾಸ್ತಾದ ಬಗ್ಗೆ. ಸಿಟ್ಟು ಬಂತಾ? ಬರಲಿ.

ಬರೀ ಬೈದು ಹೋದ ಅನ್ನಬಾರದಲ್ಲ, ಒಂದು ಕೆಲಸದ ಮಾತು. ವಾರಾಂತ್ಯಕ್ಕೆ ಇದ್ದಿಲು ಹಚ್ಚಿ ಏನಾದರೂ ಸುಡೋರಿದ್ದರೆ ಪಕ್ಕಕ್ಕೆ ಈ ಕಾಳು ಇಡಿ. ಅಮಾಸಿ ಭಜ್ಜಿಗೆ ಹಸಿ ಕಾಳು ಬೇಕು, ಅದು ವರ್ಷವಿಡೀ ಸಿಗಲ್ಲ, ಅದಕ್ಕೆ ಇದು ನಾನೇ ಮಾಡ್ಕೊಂಡ ಹೊಂದಾಣಿಕೆ. ಆಯಿ ಇದಕ್ಕೆ ಭಜ್ಜಿ ಅಂತ ಹೆಸರಿಡಲಿಕ್ಕೆ ಒಪ್ಪಿಲ್ಲ.

ಎಂಟು ಜನಕ್ಕೆ ಅರ್ಧ ಕಿಲೋ ಒಣ ಅಲಸಂದೆ ಅಥವಾ ಅವರೆ. ರಾತ್ರಿ ನೆನೆಸಿ, ಬೆಳಿಗ್ಗೆ ನೀರು ಚೆಲ್ಲಿ, ಹೊಸ ನೀರಿನಲ್ಲಿ ಮುಕ್ಕಾಲು ಬೇಯಿಸಿ. ಬೋರ್‌ವೆಲ್ಲಿನ ಗಡುಸು ನೀರಿನಲ್ಲಿ ಕಾಳು ಬೇಯೋದು ತಡ, ಒಂದು ಚಿಟಿಕೆ ಸೋಡಾ ಹಾಕಿ, ಜಾಸ್ತಿ ಬೇಡ. ರಾಜ್ಮಾ ಬಳಸೋದಾದರೆ ಕನಿಷ್ಠ ಹತ್ತು ನಿಮಿಷ ಕೊತಕೊತ ಕುದಿಸಲೇಬೇಕು, ಅರೆಬೆಂದ ರಾಜ್ಮಾದಲ್ಲಿ ಹೊಟ್ಟೆ ಕೆಡಿಸೋ ವಿಷ ಇರುತ್ತೆ, ಸಣ್ಣ ಉರಿಯಲ್ಲಿ ಅದು ಹೋಗಲ್ಲ. ಬೇರೆ ಪಾತ್ರೆಯಲ್ಲಿ ಎರಡು ಚಮಚ ಎಣ್ಣೆ, ಜೀರಿಗೆ, ಎರಡು ಉಳ್ಳಾಗಡ್ಡಿ, ಒಂದು ಗಡ್ಡೆ ಬೆಳ್ಳುಳ್ಳಿ, ಆರೇಳು ಹಸಿಮೆಣಸಿನಕಾಯಿ ಜಜ್ಜಿ ಹಾಕಿ. ಕಾಳನ್ನು ಬೆಂದ ನೀರಿನ ಸಮೇತ ಸೇರಿಸಿ, ಉಪ್ಪು, ಅರಿಶಿನ, ಹಿಡಿ ಮೆಂತ್ಯೆ ಸೊಪ್ಪು. ಇದನ್ನು ಮಣ್ಣಿನ ಗಡಿಗೆಗೆ ಹಾಕಿ ಮುಚ್ಚಿ, ಬೆಂಕಿಯ ಅಂಚಿನಲ್ಲಿ ಕೆಂಡ ಬೂದಿ ಎಳೆದು ಅದರ ಮೇಲೆ ಕೂರಿಸಿ. ಮುಚ್ಚಳದ ಮೇಲೂ ನಾಲ್ಕು ಕೆಂಡ. ಒಂದು ತಾಸು. ಕಾಳು ಬೆರಳಲ್ಲಿ ಒತ್ತಿದ್ರೆ ಬೆಣ್ಣೆ ಆಗಬೇಕು. ಆಮೇಲೆ ಹುಣಸೆರಸ, ನಿಂಬೆಗಾತ್ರದ ಬೆಲ್ಲ, ಎರಡು ಚಮಚ ಕಡಲೆಹಿಟ್ಟು ಮಜ್ಜಿಗೆಯಲ್ಲಿ ಕದಡಿದ್ದು, ಇನ್ನೊಂದು ಹತ್ತು ನಿಮಿಷ. ಹುಳಿ ಮೊದಲೇ ಹಾಕಿದ್ರೆ ಕಾಳು ಸಂಜೆವರೆಗೂ ಕಲ್ಲಾಗೇ ಇರುತ್ತೆ, ನಾನು ಮೊದಲ ಸಲ ಮಾಡಿದ ತಪ್ಪು ಅದೇ. ಖರ್ಚು ಒಂದು ಡಬ್ಬಿಯ ಬೆಲೆಯ ಒಳಗೇ, ಗಡಿಗೆ ಬಿಟ್ಟು.

ಇದಕ್ಕೆ ಸೈಡ್ ಡಿಶ್ ಅನ್ನಬೇಡಿ ಅಂತ ಒಂದು ಬೇಡಿಕೆ. ರೊಟ್ಟಿ ಊಟದಲ್ಲಿ ಯಾವುದೂ ಸೈಡಿನಲ್ಲಿ ಕೂರಲ್ಲ.

ಆ ಎರಡನೇ ಡಬ್ಬಿ ಏನಾಯ್ತು ಅಂತ ಕೇಳ್ತೀರಾ? ಆಯಿ ಅದನ್ನು ಗಡಿಗೆಗೆ ಸುರಿದು, ಖಾರ ಉಪ್ಪು ಹಾಕಿ, ಭಜ್ಜಿಯ ಜೊತೆ ಕಲಸಿಬಿಟ್ಟಳು. ಅನ್ನ ಚೆಲ್ಲಬಾರದಂತೆ. ಯಾರಿಗೂ ಗೊತ್ತಾಗಲಿಲ್ಲ. ಖಾಲಿ ಡಬ್ಬಿ ತೊಳೆದು ಮನೆಗೆ ಒಯ್ದು, ಬಿತ್ತನೆಗೆ ಎತ್ತಿಟ್ಟ ಬದುವಿನ ಅವರೆ ಬೀಜ ಅದರಲ್ಲಿ ತುಂಬಿಟ್ಟಳು.

ಮುಂದಿನ ಎಳ್ಳ ಅಮಾಸಿಗೆ ನಿಮ್ಮಲ್ಲಿ ಯಾರಾದರೂ ಬರೋದಾದ್ರೆ ಮೊದಲೇ ಒಂದು ಕಾಮೆಂಟು ಹಾಕಿ. ಸಸ್ತಾಪುರ ಬಂಗ್ಲಾ ಹತ್ತಿರ ಬಸ್ ಇಳೀರಿ, ತಮ್ಮನ್ನ ಗಾಡಿ ತೊಗೊಂಡು ಬಾ ಅಂತ ಕಳಸ್ತೀನಿ. ಕೈಯಲ್ಲಿ ಏನೂ ತರಬೇಡಿ. ತರಲೇಬೇಕು ಅನ್ನಿಸಿದ್ರೆ ಹಂದಿ ಓಡಿಸಲಿಕ್ಕೆ ಒಂದು ಒಳ್ಳೇ ಟಾರ್ಚ್ ತನ್ನಿ, ಕಾಕಾ ಖುಷಿ ಆಗ್ತಾನೆ :-)